ಓಗೊಟ್ಟವನು

ಆಸ್ಪತ್ರೆಯ ಬಟ್ಟೆ ಒಗೆಯುವ ವಿಭಾಗದಲ್ಲಿ ಎಲ್ಲರೂ ಅವಳನ್ನು ಗಿಟಾರಕ್ಕ ಎಂದೇ ಕರೆಯುತ್ತಿದ್ದರು. ಹಗಲೆಲ್ಲ ಅವಳು ಇಸ್ತ್ರಿಯ ದೊಡ್ಡ ಉರುಳೆ ಯಂತ್ರದ ಮುಂದೆ ನಿಂತಿರುತ್ತಿದ್ದಳು. ಒದ್ದೆ ಹಾಸುಬಟ್ಟೆಯ ಎರಡು ಮೂಲೆ ಹಿಡಿದು ಯಂತ್ರಕ್ಕೆ ಕೊಡುವುದು ಅವಳ ಕೆಲಸ. ಆಚೆ ಕಡೆ ಬಿಸಿಬಿಸಿಯಾಗಿ ಹೊರಬಂದದ್ದನ್ನು ಇಬ್ಬರು ಹೆಂಗಸರು ಹಿಡಿದು ಮಡಿಚುತ್ತಿದ್ದರು. ಭಾನುವಾರ ಮಧ್ಯಾಹ್ನ ಮಾತ್ರ ಅವಳು ರೈಲ್ವೆ ನೌಕರರ ಕ್ಲಬ್ಬಿನಲ್ಲಿ ಎತ್ತರದ ಸ್ಟೂಲಿನ ಮೇಲೆ ಕೂತು, ಗಿಟಾರ್ ನುಡಿಸುತ್ತ ಬ್ಲೂಸ್ ಹಾಡುತ್ತಿದ್ದಳು. ಇದು ಶುರುವಾಗಿ ಇಪ್ಪತ್ತೊಂಬತ್ತು ವರ್ಷವಾಗಿತ್ತು. ಅಷ್ಟು ವರ್ಷದಲ್ಲಿ ಅವಳ ಗಂಡ ಒಂದು ಭಾನುವಾರವೂ ಬಂದು ಕೂತು ಕೇಳಿದವನಲ್ಲ.

ಯಾರಾದರೂ ಕೇಳಿದರೆ, "ಸಿಟಿ ಬಸ್ಸಿನ ಡ್ರೈವರು. ಭಾನುವಾರ ಡ್ಯೂಟಿ," ಅನ್ನುತ್ತಿದ್ದಳು. ಅದು ನಿಜವೂ ಆಗಿತ್ತು. ಆದರೆ ಕಳೆದ ತಿಂಗಳು ಅವನು ನಿವೃತ್ತನಾದ. ಅದಾದ ಮೊದಲ ಭಾನುವಾರ ಅಡುಗೆಮನೆಯ ನಲ್ಲಿ ಸೋರುತ್ತಿದೆ ಎಂದು ಮನೆಯಲ್ಲೇ ಉಳಿದ. ಎರಡನೆಯ ಭಾನುವಾರ ಅದೇ ನಲ್ಲಿ ಮತ್ತೆ ಸೋರಿತು. ಮೂರನೆಯ ಭಾನುವಾರ ಅವಳು ಕರೆಯಲಿಲ್ಲ, ಅವನೂ ನಲ್ಲಿಯ ಸುದ್ದಿ ಎತ್ತಲಿಲ್ಲ.

ಅವನು ಒರಟನಲ್ಲ. ಕುಡಿತವಿಲ್ಲ, ಕೈ ಎತ್ತಿದವನಲ್ಲ. ಮದುವೆಯ ಹೊಸದರಲ್ಲಿ ದಿನಾ ಸಂಜೆ ಬಸ್ಸಿನಲ್ಲಿ ನಡೆದದ್ದನ್ನೆಲ್ಲ ಹೇಳುತ್ತಿದ್ದ. ಯಾರು ಯಾರ ಕಾಲು ತುಳಿದರು, ಯಾವ ಮುದುಕ ಮೂರು ನಿಲ್ದಾಣ ಮುಂದೆ ಹೋಗಿ ಜಗಳ ತೆಗೆದ, ಎಲ್ಲವನ್ನೂ ಅಭಿನಯಿಸಿ ತೋರಿಸಿ ಅವಳ ಹೊಟ್ಟೆ ಹುಣ್ಣಾಗಿಸುತ್ತಿದ್ದ. ಮಗಳು ಓಡಾಡಲು ಕಲಿಯುವ ಹೊತ್ತಿಗೆ ಆ ಕಥೆಗಳು ನಿಂತುಹೋದವು. ಆಮೇಲೆ ಕೇಳಿದ್ದಕ್ಕೆ ಹೂಂ, ಇಲ್ಲವೆಂದರೆ ಉಹೂಂ. ಬೆಳಗಿನ ಪಾಳಿ, ನಾಲ್ಕಕ್ಕೆ ಏಳುವವನು, ದಣಿದಿರಬೇಕು ಎಂದು ಅವಳು ಸಮಾಧಾನ ಮಾಡಿಕೊಂಡಳು. ಒಂದೆರಡು ಸಲ ಏನಾಯಿತು ಎಂದು ಕೇಳಿಯೂ ನೋಡಿದಳು. "ಏನಿಲ್ಲ" ಎಂಬ ಉತ್ತರ ಬಂತು. ಅದಕ್ಕೂ ಮುಂದೆ ಹೋಗಿ ಕೆದಕುವ ಅಭ್ಯಾಸ ಅವಳಿಗಿರಲಿಲ್ಲ.

ಇಂಥ ಹೊತ್ತಿನಲ್ಲಿ ಕಡಲಾಚೆಯ ಒಂದು ಊರಿನಿಂದ ಪತ್ರ ಬಂತು. ಬರೆದವನು ಅಲ್ಲಿಯ ಶಾಲೆಯೊಂದರ ಸಂಗೀತದ ಮೇಷ್ಟ್ರು. ಹಿಂದೊಮ್ಮೆ ಪ್ರವಾಸಕ್ಕೆ ಬಂದಾಗ ಕಾಲು ಮುರಿದುಕೊಂಡು ಆರು ವಾರ ಅವಳ ಆಸ್ಪತ್ರೆಯಲ್ಲಿ ಮಲಗಿದ್ದ. ಅವನಿದ್ದ ವಾರ್ಡು ಬಟ್ಟೆ ವಿಭಾಗದ ನೆತ್ತಿಯ ಮೇಲೇ ಇತ್ತು. ಊಟದ ಬಿಡುವಿನಲ್ಲಿ ಗಿಟಾರಕ್ಕ ಹಾಡಿ ನೋಡುತ್ತಿದ್ದದ್ದೆಲ್ಲ ಗಾಳಿಕಿಂಡಿಯಿಂದ ಮೇಲೇರಿ ಅವನ ಕಿವಿಗೆ ಬೀಳುತ್ತಿತ್ತು. ಈಗ ಅವರ ಕೇಳುಗರ ಸಂಘದವರು ಮೂರು ಊರುಗಳಲ್ಲಿ ಅವಳ ಕಾರ್ಯಕ್ರಮ ಇಟ್ಟುಕೊಂಡಿದ್ದರು. ಹಾಡುಗಳ ಸಾಹಿತ್ಯವನ್ನು ಮುಂಚೆಯೇ ಕಳಿಸಿದರೆ ತಮ್ಮ ಭಾಷೆಗೆ ಮಾಡಿಸಿ ಓದಿಸುತ್ತೇವೆ ಎಂದೂ ಬರೆದಿದ್ದ. ಅವಳು ಒಂದು ನೋಟ್‌ಬುಕ್ಕಿನಿಂದ ಹನ್ನೊಂದು ಹಾಡು ನಕಲು ಮಾಡಿ ಅಂಚೆಗೆ ಹಾಕಿದಳು.

"ನೀನೊಬ್ಬಳೇ ಹೋಗೋದು ಬೇಡ," ಎಂದಳು ಮಗಳು. "ಅಪ್ಪ ಬರಲಿ. ಗಿಟಾರ್ ಪೆಟ್ಟಿಗೆ ಹೊರೋದಕ್ಕಾದರೂ ಒಂದು ಜನ ಬೇಕಲ್ಲ."

ಅಪ್ಪ ಪತ್ರಿಕೆಯಿಂದ ತಲೆ ಎತ್ತಿದ. ಏನಾದರೂ ನೆಪ ಹೇಳುತ್ತಾನೆಂದು ಗಿಟಾರಕ್ಕ ಕಾದಳು. ಅವನು ಮಗಳ ಮುಖ ನೋಡಿ, "ಹೂಂ," ಎಂದ.

ವಿಮಾನದಲ್ಲಿ ಕೂತ ಮೇಲೆ ಅವಳಿಗೆ ಒಂದು ವಿಷಯ ಹೊಳೆಯಿತು. ಆ ಹನ್ನೊಂದರಲ್ಲಿ ಎಂಟು ಹಾಡುಗಳು ಗಂಡನನ್ನು ಬೈಯುವ ಹಾಡುಗಳು.

ಅವಳಿಗೆ ಬ್ಲೂಸ್ ಕಲಿಸಿದವನು ಅವಳ ಸೋದರಮಾವ. ಕ್ಷೌರದ ಅಂಗಡಿ ಇಟ್ಟಿದ್ದ. ಕನ್ನಡಿಯ ಪಕ್ಕದ ಮೊಳೆಗೆ ಗಿಟಾರ್ ತೂಗುಹಾಕಿರುತ್ತಿದ್ದ. ಗಿರಾಕಿಯ ಮುಖಕ್ಕೆ ನೊರೆ ಹಚ್ಚಿ, ಗಡ್ಡ ನೆನೆಯಲಿ ಎಂದು ಬಿಟ್ಟು, ಆ ಸಮಯದಲ್ಲಿ ಒಂದು ಹಾಡು ಮುಗಿಸುತ್ತಿದ್ದ. ಅವನ ಪಾಠ ಸರಳವಾಗಿತ್ತು. "ಇದು ದೂರು ಹೇಳೋ ಹಾಡು ಕಣೇ. ಮೊದಲನೇ ಸಾಲಲ್ಲಿ ದೂರು ಹೇಳು. ಕೇಳಿಸದೇ ಇದ್ದವರಿಗೆ ಅಂತ ಎರಡನೇ ಸಾಲಲ್ಲೂ ಅದನ್ನೇ ಹೇಳು. ಮೂರನೇ ಸಾಲಲ್ಲಿ ನಗಿಸು, ಇಲ್ಲಾಂದರೆ ಅಳಿಸು. ಸಾಲು ಮುಗಿದ ಮೇಲೆ ಬಾಯಿ ಮುಚ್ಚಿಕೊಂಡಿರು. ಅಲ್ಲಿ ಮಾತಾಡೋದು ಗಿಟಾರು, ಅಥವಾ ಎದುರಿಗೆ ಕೂತವರು."

ಕ್ಲಬ್ಬಿನಲ್ಲಿ ಎದುರಿಗೆ ಕೂತವರು ಚೆನ್ನಾಗಿ ಮಾತಾಡುತ್ತಿದ್ದರು. ಒಂದು ಸಾಲು ಹಾಡಿದರೆ "ಹೌದಕ್ಕ ಹೌದು" ಎಂದು ಒಬ್ಬರು, "ನಮ್ಮನೇಲೂ ಅದೇ ಕಥೆ" ಎಂದು ಇನ್ನೊಬ್ಬರು. ಮನೆಯಲ್ಲಿ ಮಾತ್ರ ಅವಳು ಬಾಯಿ ಬಿಟ್ಟು ಹಾಡುತ್ತಿರಲಿಲ್ಲ. ಎಂಟಕ್ಕೆಲ್ಲ ಮಲಗುವವನ ನಿದ್ದೆ ಕೆಡಬಾರದೆಂದು ತಂತಿಗಳ ಮೇಲೆ ಬೆರಳಾಡಿಸಿ ಅಷ್ಟಕ್ಕೇ ಬಿಡುತ್ತಿದ್ದಳು. ಹಾಗಾಗಿ ತನ್ನ ಹಾಡುಗಳಲ್ಲಿ ಏನಿದೆ ಎಂಬುದು ಪಕ್ಕದಲ್ಲಿ ಸೀಟ್ ಬೆಲ್ಟ್ ಬಿಗಿದು ಕೂತಿರುವ ಈ ಮನುಷ್ಯನೊಬ್ಬನನ್ನು ಬಿಟ್ಟು ಊರಿಗೆಲ್ಲ ಗೊತ್ತು ಎಂದು ಅವಳು ನಂಬಿದ್ದಳು. ಈಗ ಅದು ತಿರುಗುಮುರುಗಾಗಲಿತ್ತು. ಹೋಗುತ್ತಿರುವ ಊರಿನಲ್ಲಿ ಅನುವಾದ ಮಾಡಿದವರನ್ನು ಬಿಟ್ಟರೆ ಯಾರಿಗೂ ಅವಳ ಭಾಷೆ ಬರುವುದಿಲ್ಲ. ಕೇಳಲು ಕೂತವರಲ್ಲಿ ಪದಪದವೂ ಅರ್ಥವಾಗುವುದು ಇವನೊಬ್ಬನಿಗೇ.

ಕಾರ್ಯಕ್ರಮ ನಡೆಯುವ ಹಾಲು ಹಿಂದೊಮ್ಮೆ ಹಗ್ಗದ ಕಾರ್ಖಾನೆಯಾಗಿತ್ತು. ಉದ್ದಕ್ಕೆ ಉದ್ದ, ಇಟ್ಟಿಗೆಯ ಗೋಡೆ, ಒಂದಾಳು ಮೇಲೆ ಒಂದಾಳು ನಿಂತರೂ ತಲೆ ತಾಗದಷ್ಟು ಎತ್ತರದ ಕಿಟಕಿಗಳು. ಯಂತ್ರಗಳನ್ನು ಕಿತ್ತ ಜಾಗದಲ್ಲಿ ನೆಲದ ಹಲಗೆ ಬೇರೆ ಬಣ್ಣದ್ದು. ಎಣ್ಣೆ, ನಾರು ಸೇರಿದ ಹಳೆಯ ವಾಸನೆ ಇನ್ನೂ ಹೋಗಿರಲಿಲ್ಲ. ಕಾರ್ಯಕ್ರಮ ಭಾನುವಾರ ಮಧ್ಯಾಹ್ನ ನಾಲ್ಕಕ್ಕೆ. ಬೆಳಿಗ್ಗೆ ಮೈಕು ನೋಡಲು ಹೋದಾಗ ಮೇಷ್ಟ್ರು ತನ್ನ ಸೊಸೆಯನ್ನು ಪರಿಚಯಿಸಿದ. ಔಷಧಿ ಅಂಗಡಿ ನಡೆಸುವವಳು, ಮೂವತ್ತೈದರ ಆಸುಪಾಸು. ಕಾಲೇಜಿನಲ್ಲಿ ಗಿಟಾರಕ್ಕನ ಭಾಷೆಯನ್ನು ಓದಿ ಕಲಿತಿದ್ದಳು. ಹಾಡುಗಳನ್ನು ಅನುವಾದ ಮಾಡಿದವಳೂ ಅವಳೇ. ಬಿಳಿ ಹಾಳೆಗಳ ಅಂಚಿನ ತುಂಬ ಪೆನ್ಸಿಲಿನಲ್ಲಿ ಪ್ರಶ್ನೆ ಬರೆದುಕೊಂಡಿದ್ದಳು. ಗಂಡ ಆಗ ಹೊರಗೆ ನಿಂತು ಆ ಊರಿನ ಬಸ್ಸುಗಳ ಬಾಗಿಲು ಯಾವ ಕಡೆ ತೆರೆಯುತ್ತದೆಂದು ಪರೀಕ್ಷೆ ಮಾಡುತ್ತಿದ್ದ.

"ಈ ಕೊನೇ ಹಾಡಲ್ಲಿ, 'ಓ ಅನ್ನಲಿಲ್ಲ' ಅಂತ ಇದೆ," ಎಂದಳು ಔಷಧಿ ಅಂಗಡಿಯವಳು. "ಬರೀ ಓ ಅಂದರೆ ಏನು? ನಿಘಂಟಲ್ಲಿ ಅಕ್ಷರ ಅಂತ ಕೊಟ್ಟಿದ್ದಾರೆ."

"ಅಕ್ಷರ ಅಲ್ಲಮ್ಮ. ಈಗ ಆ ಕೋಣೆಯಿಂದ ಯಾರೋ ನಿಮ್ಮನ್ನ ಕರೀತಾರೆ. ನೀವು ಈ ಕೋಣೇಲಿದ್ದೀರಿ. ಏನಂತೀರಿ?"

"ಏನು ಬೇಕು ಅಂತ ಕೇಳ್ತೀನಿ."

"ಅದಕ್ಕೂ ಮುಂಚೆ. ಕೇಳಿಸ್ತು, ಇಲ್ಲಿದ್ದೀನಿ ಅಂತ ತಿಳಿಸೋಕೆ."

ಅವಳು ಯೋಚಿಸಿದಳು. "ನಾವು ಏನೂ ಅನ್ನಲ್ಲ. ಎದ್ದು ಹೋಗ್ತೀವಿ."

"ನಾವು ಓ ಅಂತೀವಿ," ಎಂದಳು ಗಿಟಾರಕ್ಕ. ಔಷಧಿ ಅಂಗಡಿಯವಳು ಒಂದೆರಡು ಸಲ ಬಾಯಿ ಗುಂಡಗೆ ಮಾಡಿ ಓ, ಓ ಎಂದು ಹೇಳಿ ನೋಡಿಕೊಂಡು, ಪದವನ್ನು ಹಾಗೇ ಇಟ್ಟುಕೊಳ್ಳುತ್ತೇನೆ ಎಂದಳು.

ನಾಲ್ಕು ಗಂಟೆಗೆ ಹಾಲು ತುಂಬಿತು. ಇನ್ನೂರು ಜನವಾದರೂ ಇದ್ದರು. ಬಂದವರು ಕೋಟು ತೆಗೆದು ಕುರ್ಚಿಯ ಬೆನ್ನಿಗೆ ಹಾಕಿ, ಕೈಗಳನ್ನು ತೊಡೆಯ ಮೇಲಿಟ್ಟುಕೊಂಡು ಕೂತರು. ಮೇಷ್ಟ್ರು ತನ್ನ ಮುರಿದ ಕಾಲಿನ ಕಥೆ ಹೇಳಿದ. ಆಮೇಲೆ ಮೊದಲ ಸಾಲಿನಲ್ಲಿದ್ದ ಗಂಡನ ಕಡೆ ಕೈ ತೋರಿಸಿ, ಇವರು ಕಲಾವಿದೆಯ ಪತಿ ಎಂದ. ಅವನು ಎದ್ದು ನಿಂತು, ಏನು ಮಾಡಬೇಕೆಂದು ತೋಚದೆ, ಬಸ್ಸಿನಲ್ಲಿ ಇನ್ಸ್‌ಪೆಕ್ಟರ್ ಹತ್ತಿದಾಗ ಮಾಡುವ ಹಾಗೆ ಹಣೆಗೆ ಕೈ ಮುಟ್ಟಿಸಿ ಕೂತ.

ಮೊದಲ ಎರಡು ಹಾಡು ಸೋದರಮಾವನವು. ಒಂದು ರೈಲಿನ ಹಾಡು, ಇನ್ನೊಂದು ಬಿಸಿಲಿನ ಹಾಡು, ಯಾರ ತಂಟೆಗೂ ಹೋಗದಂಥವು. ಗಿಟಾರಕ್ಕ ಒಂದು ಸಾಲು ಹಾಡಿ ಎಂದಿನಂತೆ ನಿಲ್ಲಿಸಿದಳು. ಯಾರೂ ಉಸಿರೆತ್ತಲಿಲ್ಲ. ಎರಡನೆಯ ಸಾಲು ಹಾಡಿ ನಿಲ್ಲಿಸಿದಳು. ಎಲ್ಲೋ ಒಂದು ಕುರ್ಚಿ ಕಿರುಗುಟ್ಟಿತು, ಕೂತವನು ಅದಕ್ಕಾಗಿ ನಾಚಿಕೊಂಡು ತಲೆ ತಗ್ಗಿಸಿದ. ಹಾಡು ಮುಗಿದಾಗ ಇನ್ನೂರು ಜನ ಒಟ್ಟಿಗೇ ಚಪ್ಪಾಳೆ ಶುರುಮಾಡಿ ಒಟ್ಟಿಗೇ ನಿಲ್ಲಿಸಿದರು. ಇದು ಅವರ ಮರ್ಯಾದೆಯ ರೀತಿ ಎಂದು ಮೇಷ್ಟ್ರು ಮುಂಚೆಯೇ ಹೇಳಿದ್ದ. ಆದರೂ ಅವಳಿಗೆ ಖಾಲಿ ಮನೆಯ ಬಾಗಿಲು ಬಡಿದಂತಾಗುತ್ತಿತ್ತು. ಬೆರಳುಗಳು ತಪ್ಪು ಮಾಡಲಿಲ್ಲ, ಆದರೆ ಎಲ್ಲಿಗೂ ಹೋಗಲೂ ಇಲ್ಲ.

ಮೂರನೆಯದು ಕಂಬಳಿಯ ಹಾಡು. ಔಷಧಿ ಅಂಗಡಿಯವಳು ಮೈಕಿನ ಮುಂದೆ ಬಂದು ಅನುವಾದ ಓದಿದಳು. ಓದುತ್ತಿದ್ದ ಹಾಗೇ ಒಂದೊಂದೇ ತಲೆ ಮೊದಲ ಸಾಲಿನ ಕಡೆ ತಿರುಗತೊಡಗಿತು. ಗಿಟಾರಕ್ಕ ಗಂಡನ ಕಡೆ ನೋಡದೆ ಹಾಡಿದಳು:

ಬೆಳಗಾಗೆದ್ದು ನೋಡಿದರೆ ಒಲೆ ತಣ್ಣಗೆ, ಇವನು ಬೆಚ್ಚಗೆ,
ಬೆಳಗಾಗೆದ್ದು ನೋಡಿದರೆ ಒಲೆ ತಣ್ಣಗೆ, ಇವನು ಬೆಚ್ಚಗೆ,
ಕಂಬಳೀನೇ ಕೇಳಬೇಕು, ಇವನು ತಾಳಿ ಕಟ್ಟಿದ್ದು ನನಗೋ, ನಿನಗೋ ಅಂತ, ಮೆತ್ತಗೆ.

ಹಾಡು ಮುಗಿಯಿತು, ಚಪ್ಪಾಳೆ ಮುಗಿಯಿತು. ಎರಡನೆಯ ಸಾಲಿನಲ್ಲಿ, ಗಂಡನ ಹಿಂದೆಯೇ, ಎಂಬತ್ತರ ಹತ್ತಿರದ ಒಬ್ಬ ಅಜ್ಜಿ ನೆಟ್ಟಗೆ ಕೂತಿದ್ದಳು. ಕಂದು ಕೋಟು, ಎದೆಗೆ ಚುಚ್ಚಿದ ಸಣ್ಣ ಬೆಳ್ಳಿಯ ಎಲೆ. ಆಕೆ ಕೈಯಲ್ಲಿದ್ದ ಕಾರ್ಯಕ್ರಮ ಪತ್ರಿಕೆಯನ್ನು ಸುರುಳಿ ಸುತ್ತಿ ಅವನ ಭುಜಕ್ಕೆ ಎರಡು ಸಲ ತಟ್ಟಿ, ಏನೋ ಗದರಿದಳು.

ಗಂಡ ಔಷಧಿ ಅಂಗಡಿಯವಳ ಕಡೆ ನೋಡಿದ. ಅವಳು ಮೈಕಿನಲ್ಲೇ, ತಾನು ಹೇಳುತ್ತಿರುವುದೇನೆಂದು ಯೋಚಿಸದೆ, ಅನುವಾದಿಸಿಬಿಟ್ಟಳು. "ಇನ್ನು ಮೇಲಾದರೂ ಬೆಳಿಗ್ಗೆ ಬೇಗ ಏಳಬೇಕಂತೆ ನೀವು."

ಗಿಟಾರಕ್ಕನ ಕಿವಿ ಬಿಸಿಯಾಯಿತು. ಗಂಡ ನಿಧಾನವಾಗಿ ಎದ್ದು ಅಜ್ಜಿಯ ಕಡೆ ತಿರುಗಿದ.

"ಅಮ್ಮನವರಿಗೆ ಹೇಳಿ," ಎಂದ. "ಮೂವತ್ತನಾಲ್ಕು ವರ್ಷ ದಿನಾ ಬೆಳಿಗ್ಗೆ ನಾಲ್ಕಕ್ಕೆ ಎದ್ದಿದ್ದೀನಿ. ಊರನ್ನ ಎಬ್ಬಿಸ್ತಿದ್ದ ಮೊದಲನೇ ಬಸ್ಸೇ ನಂದು. ಕಂಬಳಿ ಹೊದೆಯೋ ಯೋಗ ಬಂದಿರೋದು ರಿಟೈರಾದ ಮೇಲಷ್ಟೇ."

ಅವಳು ಅನುವಾದಿಸಿದಳು. ಹಾಲಿನ ಹಿಂದುಗಡೆ ಯಾರೋ ಕಿಸಕ್ಕೆಂದರು. ಅಜ್ಜಿ ಮುಖ ಸಡಿಲಿಸದೆ ಇನ್ನೊಂದು ಮಾತು ಹೇಳಿದಳು.

"ಅವರ ಯಜಮಾನರೂ ಹಾಗೇ ಹೇಳ್ತಿದ್ದರಂತೆ."

ಈಗ ಹಾಲಿಗೆ ಹಾಲೇ ನಕ್ಕಿತು. ಕಟ್ಟು ಬಿಚ್ಚಿದಂತೆ ಜನ ಕುರ್ಚಿಯಲ್ಲಿ ಮೈ ಸಡಿಲಿಸಿದರು. ಗಂಡನೂ ನಗುತ್ತ ಕೂತ. ಗಿಟಾರಕ್ಕ ಅವನ ಹಲ್ಲುಗಳನ್ನು ಇಷ್ಟು ದೂರದಿಂದ ನೋಡಿ ಎಷ್ಟು ಕಾಲವಾಯಿತೆಂದು ಲೆಕ್ಕ ಹಾಕಲು ಹೋಗಿ, ಮುಂದಿನ ಹಾಡಿನ ಶ್ರುತಿ ಹಿಡಿಯುವುದನ್ನೇ ಮರೆತಳು. ಅಲ್ಲಿಂದ ಗೊರಕೆಯ ಹಾಡು, ಕಳೆದ ಚಪ್ಪಲಿಯ ಹಾಡು, ಅತ್ತೆಮನೆಯ ಹಾಡು ಒಂದರ ಹಿಂದೊಂದು ಓಡಿದವು. ಪ್ರತಿ ಅನುವಾದಕ್ಕೂ ಜನ ಅವನ ಕಡೆ ತಿರುಗುವುದು, ಅವನು ಎರಡೂ ಕೈ ಮೇಲೆತ್ತಿ ತಾನಲ್ಲ ಎನ್ನುವುದು, ಅಜ್ಜಿ ತಲೆ ಅಲ್ಲಾಡಿಸುವುದು, ಹೀಗೆ ನಡೆಯಿತು.

ಕೊನೆಯ ಹಾಡು ಉಳಿಯಿತು. ಅದನ್ನು ಬಿಟ್ಟುಬಿಡಬೇಕೆಂದು ಅವಳು ಬೆಳಿಗ್ಗೆಯೇ ನಿರ್ಧರಿಸಿದ್ದಳು. ಉಳಿದ ಏಳು ಹಾಡಿನ ಗಂಡಸು ಯಾರು ಯಾರೋ. ಈ ಒಂದು ಹಾಡಿನಲ್ಲಿ ಇದ್ದವನು ಅವನೇ. ಆದರೆ ಅವಳು ಕಣ್ಸನ್ನೆ ಮಾಡುವಷ್ಟರಲ್ಲಿ ಔಷಧಿ ಅಂಗಡಿಯವಳು ಹಾಳೆ ಎತ್ತಿಕೊಂಡು ಓದಲು ಶುರುಮಾಡಿಯಾಗಿತ್ತು. ಓ ಎಂದರೇನು ಎಂಬುದನ್ನು ತನ್ನದೇ ಶೋಧ ಎಂಬಂತೆ ವಿವರಿಸಿಯೂ ಬಿಟ್ಟಳು. ಗಿಟಾರಕ್ಕ ಕೆಮ್ಮಿನ ಔಷಧಿಯ ಬಾಟಲಿಯಿಂದ ಕತ್ತರಿಸಿದ ಗಾಜಿನ ಕೊಳವೆಯನ್ನು ಕಿರುಬೆರಳಿಗೆ ತೊಟ್ಟಳು. ತಂತಿಯ ಮೇಲೆ ಅದನ್ನು ಜಾರಿಸಿದರೆ ಸ್ವರ ಮನುಷ್ಯರ ಹಾಗೆ ಎಳೆದು ಮಾತಾಡುತ್ತಿತ್ತು.

ಕೂಗಿ ಕೂಗಿ ಗಂಟಲು ಒಣಗಿತು, ಓ ಅನ್ನಲಿಲ್ಲ ನೀನು.

ಗಾಜು ತಂತಿಯ ಮೇಲೆ ಜಾರಿತು. ಹಾಲಿನಲ್ಲಿ ಮತ್ತೆ ಮೊದಲಿನ ಮೌನ. ಈ ಸಲ ಅದು ಭಾರವಾಗಿರಲಿಲ್ಲ, ಅವರು ಕೇಳುತ್ತಿದ್ದರು. ಅವಳು ಗಂಡನ ಕಡೆ ನೋಡಿಬಿಟ್ಟಳು. ಅವನ ನಗು ಇಳಿದಿತ್ತು. ಮುಂದಕ್ಕೆ ಬಾಗಿ, ಮೊಣಕಾಲಿನ ಮೇಲೆ ಮೊಣಕೈ ಊರಿ, ತಪ್ಪು ದಾರಿಗೆ ಬಂದವನು ಊರಿನ ಫಲಕ ಓದುವ ಹಾಗೆ ಅವಳನ್ನೇ ನೋಡುತ್ತಿದ್ದ.

ಕೂಗಿ ಕೂಗಿ ಗಂಟಲು ಒಣಗಿತು, ಓ ಅನ್ನಲಿಲ್ಲ ನೀನು.
ಖಾಲಿ ಬಾವಿಯೂ ತಿರುಗಿ ಕೂಗುತ್ತೆ, ಅದಕ್ಕಿಂತ ಆಳವೇನು?

ಮೂರನೆಯ ಸಾಲು ಮುಗಿದು ಗಿಟಾರು ಉತ್ತರ ಕೊಡಬೇಕಾದ ಜಾಗ ಬಂತು. ಅವಳು ಬೆರಳೆತ್ತುವ ಮೊದಲೇ ಎದುರಿನಿಂದ ಒಂದು ದನಿ ಬಂತು.

"ಓ."

ಗಟ್ಟಿಯಾಗಿಯೇನೂ ಅಲ್ಲ. ಪಕ್ಕದ ಕೋಣೆಯಲ್ಲಿ ಶೂ ಬಿಚ್ಚುತ್ತಿರುವವನು ಅನ್ನುವ ಹಾಗೆ. ಅವಳ ಕೈ ಅರ್ಧ ಮಾತ್ರೆ ತಡೆಯಿತು. ಆಮೇಲೆ ಗಾಜು ತಾನಾಗಿ ತಂತಿಯ ಮೇಲೆ ಹೋಗಿ ಅದೇ ಸ್ವರವನ್ನು ಹುಡುಕಿ ಹಿಡಿದು, ಎಳೆದು, ಬಿಟ್ಟಿತು. ಅವಳು ಎರಡನೆಯ ಚರಣ ಹಾಡಿದಳು. ಅವನು ಮತ್ತೆ ಅಂದ. ಅಜ್ಜಿ ಏನೆಂದು ವಿಚಾರಿಸಿದಳು, ಔಷಧಿ ಅಂಗಡಿಯವಳು ಬಾಗಿ ಪಿಸುಗುಟ್ಟಿದಳು. ಮೂರನೆಯ ಚರಣಕ್ಕೆ ಅಜ್ಜಿಯೂ ಓ ಎಂದಳು. ನಾಲ್ಕನೆಯದಕ್ಕೆ ಆ ಇಡೀ ಸಾಲು, ಕೊನೆಯದಕ್ಕೆ ಇಡೀ ಹಾಲು. ಇನ್ನೂರು ಜನ ತಮಗೆ ಗೊತ್ತಿದ್ದ ಒಂದೇ ಪದವನ್ನು ಬಾಯಿ ತುಂಬ ಹೇಳಿದರು. ಗಿಟಾರಕ್ಕನಿಗೆ ನಗು ಬಂದು ಕಡೆಯ ಸಾಲಿನ ಅರ್ಧ ನುಂಗಿಹೋಯಿತು. ಯಾರಿಗೂ ಗೊತ್ತಾಗಲಿಲ್ಲ. ಗೊತ್ತಾಗಬೇಕಾದವನಿಗೆ ಗೊತ್ತಾಯಿತು.

ಚಹಾ, ಫೋಟೋ, ಕೈಕುಲುಕುವುದು ಎಲ್ಲ ಮುಗಿಸಿ ಇಬ್ಬರೂ ಅತಿಥಿಗೃಹದ ಕಡೆ ಹೊರಟಾಗ ಆರೂವರೆ. ಆ ಊರಿನಲ್ಲಿ ಬೇಸಿಗೆಯ ಸೂರ್ಯ ಇನ್ನೂ ಮಾಳಿಗೆಗಳ ಮೇಲೇ ಇದ್ದ. ದಾರಿ ಕಾಲುವೆಯ ಪಕ್ಕದಲ್ಲಿ ಸಾಗುತ್ತಿತ್ತು. ಅವನು ಗಿಟಾರ್ ಪೆಟ್ಟಿಗೆಯನ್ನು ಎಡಗೈಯಿಂದ ಬಲಗೈಗೆ ಬದಲಿಸಿ ಕೇಳಿದ:

"ಆ ಕೊನೇದು ಯಾವಾಗ ಕಟ್ಟಿದ್ದು?"

"ಮಗಳಿಗೆ ಎರಡು ತುಂಬಿತ್ತು ಆಗ."

"ನಾನು ಬಂದಿದ್ದೆ," ಎಂದ.

"ಎಲ್ಲಿಗೆ?"

"ಕ್ಲಬ್ಬಿಗೆ. ಅದಕ್ಕೂ ಆರು ತಿಂಗಳು ಮುಂಚೆ. ಯಾರ ಹತ್ರಾನೋ ಡ್ಯೂಟಿ ಬದಲು ಮಾಡಿಕೊಂಡು, ನಿನಗೆ ಹೇಳದೆ ಬಂದು ಬಾಗಿಲ ಹತ್ರ ನಿಂತಿದ್ದೆ. ಕಂಬಳಿ ಹಾಡು ಹೇಳ್ತಿದ್ದೆ ನೀನು. ಜನ ಬಿದ್ದು ಬಿದ್ದು ನಗ್ತಿದ್ದರು. ಹಂಗೇ ಹೊರಟು ಹೋದೆ."

ಗಿಟಾರಕ್ಕ ನಿಂತುಬಿಟ್ಟಳು.

"ಒಳಗಿದ್ದೋರು ಯಾರೋ ನನ್ನ ನೋಡಿದ್ದರು," ಅವನು ಮುಂದುವರಿಸಿದ. "ಮಾರನೇ ದಿನದಿಂದ ಡಿಪೋದಲ್ಲಿ ನಾನು ಕಂಬಳಿ."

"ಕಂಬಳಿ ಅಂತ ಕರೀತಿದ್ದದ್ದು ಅದಕ್ಕಾ? ಬೆಳಗಿನ ಚಳೀಗೆ ನೀವು ಕಂಬಳಿ ಹೊದ್ದುಕೊಂಡು ಹೋಗ್ತಿದ್ದಿರಲ್ಲ, ಅದಕ್ಕೆ ಅಂದುಕೊಂಡಿದ್ದೆ ನಾನು."

"ಅದು ಆಮೇಲೆ. ಹೆಸರು ಹೇಗೂ ಬಂದಿತ್ತಲ್ಲ, ಬೆಚ್ಚಗಾದರೂ ಇರೋಣ ಅಂತ."

ಅವಳಿಗೆ ನಗು ಬರಲಿಲ್ಲ. "ಮತ್ತೆ ಭಾನುವಾರದ ಡ್ಯೂಟಿ?"

"ನಾನೇ ಕೇಳಿ ಹಾಕಿಸಿಕೊಂಡೆ."

ಸೇತುವೆ ಬಂತು. ಅವಳು ಅದರ ಕಬ್ಬಿಣದ ಕಂಬಿಗೆ ಒರಗಿದಳು. ಸಿಟ್ಟು ಬಂದಿತ್ತು. ಯಾರ ಮೇಲೆ ಎಂಬುದು ಮಾತ್ರ ಖಚಿತವಾಗುತ್ತಿರಲಿಲ್ಲ. ಮಾತು ನಿಲ್ಲಿಸಿದ್ದು ಅವನು, ನಿಲ್ಲಿಸುವ ಹಾಗೆ ಮಾಡಿದ್ದು ತಾನು. ಅದರ ಮೇಲೆ ಅವನು ಮಾತಾಡುವುದಿಲ್ಲ ಎಂದು ಊರೆದುರು ಇಪ್ಪತ್ತೆಂಟು ವರ್ಷ ಹಾಡಿಕೊಂಡು ಬಂದವಳೂ ತಾನೇ.

"ಒಂದು ಮಾತು ಕೇಳಬಾರದಿತ್ತಾ ನನ್ನ?"

"ಕೇಳಿದ್ದರೆ ನೀನು ಹಾಡೋದು ಬಿಟ್ಟುಬಿಡ್ತಿದ್ದೆ."

ಅವಳು ಯೋಚಿಸಿದಳು. ಬಿಟ್ಟುಬಿಡುತ್ತಿದ್ದಳು, ಅದರಲ್ಲಿ ಅನುಮಾನವಿರಲಿಲ್ಲ. ಆಗಿನ ವಯಸ್ಸಿಗೆ ಅಳು ಬಂದು, ಗಿಟಾರನ್ನು ಅಟ್ಟಕ್ಕೆ ಹಾಕಿ, ಅದನ್ನೇ ದೊಡ್ಡ ತ್ಯಾಗವೆಂದು ತಿಳಿದು ಜೀವಮಾನವಿಡೀ ಅವನನ್ನು ಬೈಯುತ್ತಿದ್ದಳು.

"ಅದು ನೀವಲ್ಲ ರೀ," ಎಂದಳು. "ನಾಲ್ಕಕ್ಕೆ ಏಳೋರನ್ನ ನಾನ್ಯಾಕೆ ಹಾಗೆ ಹಾಡಲಿ?"

"ನಾನೂ ಹಾಗೇ ಅಂದುಕೊಂಡೆ. ಲೆಕ್ಕ ತಾಳೆ ಆಗ್ತಿರಲಿಲ್ಲ. ಆದರೆ ನಿನಗೆ ಇರೋ ಗಂಡ ನಾನೊಬ್ಬನೇ ಅಲ್ವಾ?"

ಆಗ ಅವಳು ಹೇಳಿದಳು. ಯಂತ್ರದ ಆಚೆ ಬದಿಯಲ್ಲಿ ಹಾಸು ಮಡಿಚುವಾಗ ಹೆಂಗಸರು ಮಾತಾಡಿಕೊಳ್ಳುತ್ತಿದ್ದದ್ದು, ಒಬ್ಬಳ ಗಂಡನ ಗೊರಕೆ, ಇನ್ನೊಬ್ಬಳ ಗಂಡ ಕಳೆದುಕೊಂಡು ಬಂದ ಚಪ್ಪಲಿ. ಅದನ್ನೆಲ್ಲ ತಾನು ಹಾಡು ಮಾಡಿದ್ದು. ಹೆಸರು ಹೇಳಬೇಡ ಎಂದು ಅವರು ಆಣೆ ಹಾಕಿಸಿದ್ದು. ಆಡಿದ ಮಾತು ಉಳಿಸಿಕೊಂಡು ತಾನು ಮನೆಯಲ್ಲೂ ಬಾಯಿ ಬಿಡದೇ ಇದ್ದದ್ದು.

"ಕಂಬಳಿ ಯಾರದ್ದು ಹಾಗಾದರೆ?"

"ಮಡಿಚೋ ಮೇಜಿನವಳ ಗಂಡ. ಸುಣ್ಣ ಬಣ್ಣದ ಕಂಟ್ರಾಕ್ಟು ಮಾಡ್ತಿದ್ದ. ಈಗಂತೂ ಅವಳೂ ಇಲ್ಲ, ಹೇಳಿದರೆ ತಪ್ಪಿಲ್ಲ."

"ಗಿರಿಜಾ ಮೀಸೆ ಬಿಟ್ಟಿದ್ದನಲ್ಲ, ಅವನಾ?"

"ಹೂಂ. ಯಾಕೆ?"

ಅವನು ಪೆಟ್ಟಿಗೆಯನ್ನು ನೆಲಕ್ಕಿಟ್ಟ. "ನನ್ನ ಬಸ್ಸಲ್ಲೇ ಬರ್ತಿದ್ದ. ಒಂಬತ್ತೂವರೆ ಟ್ರಿಪ್ಪಿಗೆ. ಅದಕ್ಕಿಂತ ಮುಂಚೆ ಎದ್ದವನೇ ಅಲ್ಲ. ನನ್ನನ್ನ ಮೊಟ್ಟಮೊದಲು ಕಂಬಳಿ ಅಂತ ಕರೆದವನೇ ಅವನು. ಬಸ್ಸು ಹತ್ತೋವಾಗೆಲ್ಲ, ಏನು ಕಂಬಳಿ, ಎದ್ದೆಯಾ ಅಂತ ಕೇಳಿ, ಇಡೀ ಬಸ್ಸನ್ನ ನಗಿಸಿ ಕೂರ್ತಿದ್ದ."

ಗಿಟಾರಕ್ಕ ಕಂಬಿಯನ್ನು ಎರಡು ಕೈಯಿಂದ ಹಿಡಿದುಕೊಂಡು ನಕ್ಕಳು. ಪಕ್ಕದಲ್ಲಿ ಸೈಕಲ್ ತಳ್ಳಿಕೊಂಡು ಹೋಗುತ್ತಿದ್ದವನು ತಿರುಗಿ ನೋಡುವಷ್ಟು ನಕ್ಕಳು. ಗಂಡ ಸ್ವಲ್ಪ ಹೊತ್ತು ತಡೆದು, ಆಮೇಲೆ ಆ ಮೀಸೆಯವನು ಬಸ್ಸು ಹತ್ತುತ್ತಿದ್ದ ರೀತಿಯನ್ನು ಸೇತುವೆಯ ಮೇಲೆಯೇ ಮಾಡಿ ತೋರಿಸಿದ. ಹೊಟ್ಟೆ ಮೊದಲು, ಮೀಸೆ ಆಮೇಲೆ, ಕಾಲು ಕಡೆಗೆ.

"ಇನ್ನೊಂದು ವಿಷಯ," ಎಂದ, ಪೆಟ್ಟಿಗೆ ಎತ್ತಿಕೊಳ್ಳುತ್ತ. "ಮನೇಲಿ ನೀವು, ರೀ ಅಂತೀಯ. ಹಾಡಲ್ಲಿ ನೀನು ಅಂತ ಏಕವಚನ."

"ಹಾಡಲ್ಲಿ ರೀ ಅಂದರೆ ತಾಳ ತಪ್ಪುತ್ತೆ."

"ಸರಿ, ಹಾಗಾದರೆ ಬಿಡು."

ಎರಡನೆಯ ಊರಿನಲ್ಲಿ ಕಾರ್ಯಕ್ರಮವಿದ್ದದ್ದು ಬುಧವಾರ, ಒಂದು ಗ್ರಂಥಾಲಯದ ಓದುವ ಕೋಣೆಯಲ್ಲಿ. ಔಷಧಿ ಅಂಗಡಿಯವಳೂ ರಜೆ ಹಾಕಿ ಜೊತೆಗೆ ಬಂದಳು. ಅಲ್ಲಿ ಗಂಡನನ್ನು ತಡೆಯುವುದೇ ಕಷ್ಟವಾಯಿತು. ಕೊನೆಯ ಹಾಡಿನವರೆಗೆ ಕಾಯುವ ತಾಳ್ಮೆ ಅವನಿಗಿರಲಿಲ್ಲ. ರೈಲಿನ ಹಾಡಿಗೇ ಓ ಎಂದ. ಚಪ್ಪಲಿಯ ಹಾಡಿನಲ್ಲಿ ಅವಳು ಎರಡನೆಯ ಸಾಲು ಎತ್ತುತ್ತಿದ್ದಂತೆ ಅವನು ಮಧ್ಯೆ ಬಾಯಿ ಹಾಕಿದ, ಅವಳ ಉಸಿರು ಜಾರಿ, ಸಾಲು ಅಲ್ಲೇ ಮುಗ್ಗರಿಸಿತು. ಗಿಟಾರಕ್ಕ ನುಡಿಸುವುದನ್ನು ನಿಲ್ಲಿಸಿ ಮೈಕಿನಲ್ಲೇ, "ಸ್ವಲ್ಪ ತಡೀರಿ," ಎಂದಳು. ಔಷಧಿ ಅಂಗಡಿಯವಳು ಅದನ್ನೂ ಅನುವಾದಿಸಿದಳು. ಜನ ಅದೂ ಹಾಡಿನ ಭಾಗವೆಂದು ತಿಳಿದು ಚಪ್ಪಾಳೆ ತಟ್ಟಿದರು.

ಆದರೂ ಅವಳು ಬಿಡಲಿಲ್ಲ. ಮಾರನೆಯ ದಿನ ಊಟವಾದ ಮೇಲೆ ಅತಿಥಿಗೃಹದ ಕೋಣೆಯಲ್ಲಿ ಅವನನ್ನು ಮಂಚದ ಅಂಚಿಗೆ ಕೂರಿಸಿ, ತಾನು ಎದುರಿಗೆ ಕುರ್ಚಿ ಎಳೆದುಕೊಂಡಳು.

"ಎಣಿಸಿ. ಸಾಲು ಎಲ್ಲಿ ಮುಗಿಯುತ್ತೋ ಅಲ್ಲಿಂದ ಒಂದು, ಎರಡು, ಮೂರು. ಮೂರಾದ ಮೇಲೆ ಬರಬೇಕು. ಮುಂಚೆ ಬಂದರೆ ನನ್ನ ಮಾತು ತಿಂದ ಹಾಗಾಗುತ್ತೆ."

"ನಿಲ್ದಾಣ ಬರೋಕೆ ಮುಂಚೆ ಬಾಗಿಲು ತೆಗೀಬಾರದು ಅಂತ."

"ಹೂಂ. ಅದೇ ಅಂದುಕೊಳ್ಳಿ."

ಅವಳು ಹಾಡಿದಳು. ಅವನು ಬೆರಳಲ್ಲಿ ಮಂಚದ ಕಟ್ಟಿಗೆಯ ಮೇಲೆ ಎಣಿಸಿದ. ಮೊದಲ ಸಲ ತಡವಾಗಿ ಬಂದ, ಎರಡನೆಯ ಸಲ ಬರುವುದನ್ನೇ ಮರೆತ. ಮೂರನೆಯ ಸಲಕ್ಕೆ ಬಾಗಿಲು ಬಡಿದ ಸದ್ದಾಯಿತು. ಗಲಾಟೆಯೆಂದು ದೂರಲು ಬಂದಿರಬೇಕೆಂದು ಅವಳು ಗಿಟಾರ್ ಕೆಳಗಿಟ್ಟು ಹೋಗಿ ಬಾಗಿಲು ತೆರೆದಳು. ಅತಿಥಿಗೃಹದ ಒಡತಿ ಮಡಿಚಿದ ಟವೆಲ್ಲುಗಳನ್ನು ತೋಳಿನ ಮೇಲೆ ಪೇರಿಸಿಕೊಂಡು ನಿಂತಿದ್ದಳು. ಟವೆಲ್ಲು ಕೊಟ್ಟಳು, ಆದರೆ ಹೊರಡಲಿಲ್ಲ. ಗಿಟಾರಿನ ಕಡೆ ಬೆರಳು ಮಾಡಿ, ನಿಲ್ಲಿಸಬೇಡಿ ಎನ್ನುವಂತೆ ಕೈ ಬೀಸಿ, ಬಾಗಿಲ ಚೌಕಟ್ಟಿಗೆ ಒರಗಿಕೊಂಡಳು.

ಗಿಟಾರಕ್ಕ ಹೋಗಿ ಕುರ್ಚಿಯಲ್ಲಿ ಕೂತು, ಅದೇ ಸಾಲನ್ನು ಮತ್ತೆ ಎತ್ತಿಕೊಂಡಳು. ಒಂದು, ಎರಡು, ಮೂರು. ಈ ಸಲ ಅವನು ಸರಿಯಾದ ಜಾಗಕ್ಕೆ ಬಂದ.